ಎರಡನೇ ಚಂದ್ರನ ಅಂಚೆ

"ಹಲೋ... ಹಲೋ, ಯಾರು ಮಾತಾಡ್ತಿರೋದು? ಪ್ರಕಾಶನದ ಕಚೇರಿ ತಾನೇ?"

…

"ಹಾಂ, ಕರಡು ತಿದ್ದೋರಾ? ಒಳ್ಳೇದಾಯ್ತು, ನನಗೆ ಬೇಕಾಗಿದ್ದೂ ನೀವೇ. ನಾನು ಪಟ್ಟಿ ಮೇಡಂ."

…

"ಅದೇ, ಅದೇ. ವಿಜ್ಞಾನ ಕಥೆ, ಮಾಯಾಲೋಕದ ಕಾದಂಬರಿ ಎಲ್ಲಾದಕ್ಕೂ ಪಟ್ಟಿ ಮಾಡಿರೋ ಆ ದಪ್ಪ ಪುಸ್ತಕದ ಮೇಡಂ... ಇದೀನಿ ಸಾರ್, ಬದುಕೇ ಇದೀನಿ. ಯಾಕೆ, ಹೋಗ್ಬಿಟ್ಟೆ ಅಂದ್ಕೊಂಡಿದ್ರಾ?"

ಆಕೆ ಕಿಟಕಿಯ ಪಕ್ಕದ ಕುರ್ಚಿಯಲ್ಲಿ ಆರಾಮಾಗಿ ಕಾಲು ಚಾಚಿ ಕೂತಿದ್ದಳು. ತೊಡೆಯ ಮೇಲೊಂದು ಹೊಸ ಪುಸ್ತಕ, ಕೊನೆಯ ಪುಟಗಳಿಗೆ ತೆರೆದುಕೊಂಡಿತ್ತು. ಗೋಡೆಯ ಗಡಿಯಾರ ನಾಲ್ಕಕ್ಕೆ ಇಪ್ಪತ್ತು ನಿಮಿಷ ಬಾಕಿ ತೋರಿಸುತ್ತಿತ್ತು. ಈ ಫೋನು ಮಾಡಬೇಕಾದ ಅಗತ್ಯವೇ ಇರಲಿಲ್ಲ. ಮಾಡಬೇಕಾದದ್ದನ್ನು ಮಧ್ಯಾಹ್ನವೇ ಮಾಡಿ ಮುಗಿಸಿ ಬಂದಿದ್ದಳು. ಆದರೂ ಇಂಥ ದಿನ ಮತ್ತೆ ಮತ್ತೆ ಬರುವುದಿಲ್ಲ. ಸ್ವಲ್ಪ ಚಪ್ಪರಿಸೋಣ ಎನ್ನಿಸಿತ್ತು.

"ವಿಷಯ ಏನಪ್ಪಾ ಅಂದ್ರೆ, ನಿಮ್ಮ ಹಲ್ಲಿನ ಡಾಕ್ಟ್ರ ಪುಸ್ತಕ. ವಿಜ್ಞಾನ ಕಥೆಗಳ ವಿಮರ್ಶೆ ಅಂತ ಹೊಗಳಿದ್ದೇ ಹೊಗಳಿದ್ದಲ್ಲ ಎಲ್ಲಾರೂ, ಅದು."

…

"ಹೌದು, ನನ್ನ ತಂಗೀನೇ. ಅದಕ್ಕೇನೀಗ? ತಂಗಿ ಆದ್ರೆ ತಪ್ಪು ತಪ್ಪಲ್ಲ ಅಂತಾನಾ?"

…

"ಎರಡನೇ ಮುದ್ರಣ ಬೇರೆನಾ? ಓಹೋ. ನನ್ನ ಪಟ್ಟಿ ಎರಡನೇ ಮುದ್ರಣಕ್ಕೆ ಹೋಗೋಕೆ ಹದಿನಾಲ್ಕು ವರ್ಷ ಬೇಕಾಯ್ತು ಸಾರ್. ಇವಳದು ಎಷ್ಟು?"

…

"ಐದು ತಿಂಗಳು."

ಹೊಟ್ಟೆಯೊಳಗೆ ಏನೋ ಉರಿದ ಹಾಗಾಯಿತು. ಅದಕ್ಕೆ ಏನು ಹೆಸರೆಂದು ಆಕೆಗೆ ಚೆನ್ನಾಗಿ ಗೊತ್ತಿತ್ತು, ಒಪ್ಪಿಕೊಳ್ಳುವ ಮನಸ್ಸು ಮಾತ್ರ ಇರಲಿಲ್ಲ. ಮೂವತ್ತು ವರ್ಷ ಗ್ರಂಥಾಲಯಗಳ ಧೂಳು ಕುಡಿದು, ಒಂದೊಂದು ಪುಸ್ತಕಕ್ಕೂ ಒಂದೊಂದು ಚೀಟಿ ಬರೆದು, ಏಳು ಮರದ ಡ್ರಾಯರುಗಳಲ್ಲಿ ಜೋಡಿಸಿದವಳು ಇವಳು. ವಿಮರ್ಶೆಯ ಬಹುಮಾನಕ್ಕೆ ಮೂರು ಸಲ ಕೊನೆಯ ಸುತ್ತಿನವರೆಗೆ ಹೋಗಿ ಬರಿಗೈಯಲ್ಲಿ ಬಂದವಳು. ತಂಗಿಯೋ, ಒಬ್ಬ ರೋಗಿಯ ಬಾಯಿ ಮರಗಟ್ಟುವುದನ್ನು ಕಾಯುತ್ತಾ ಔಷಧ ಚೀಟಿಯ ಹಿಂಭಾಗದಲ್ಲಿ ಬರೆದುಕೊಂಡವಳು.

"ಸಾರ್, ನೀವೇ ಹೇಳಿ. ವಿಮರ್ಶೇಲಿ ಯಾರಾದ್ರೂ 'ಇಲ್ಲಿ ನನಗೆ ಅಳು ಬಂತು' ಅಂತ ಬರೀತಾರಾ? ರಾಕೆಟ್ಟು ಯಾಕೆ ಹಾರ್ತು, ಆ ಲೋಕದ ನಿಯಮ ಏನು, ಲೇಖಕ ಆ ನಿಯಮಾನ ಕೊನೇ ತನಕ ಪಾಲಿಸಿದಾನಾ, ಅದನ್ನಲ್ವಾ ಕೇಳ್ಬೇಕಾಗಿದ್ದು? ಇವಳು ನೋಡಿದ್ರೆ, ರಾಕೆಟ್ಟಿನೊಳಗೆ ಕೂತೋಳಿಗೆ ಮನೆ ನೆನಪಾಯ್ತಾ ಅಂತ ಕೇಳ್ತಾಳೆ."

…

"ಓದುಗರಿಗೆ ಅದೇ ಇಷ್ಟ ಅಂತೆ. ಇರ್ಲಿ ಬಿಡಿ... ಯಾರದು ಸೀನಿದ್ದು?"

…

"ಪುಸ್ತಕ ಕೊಳ್ಳೋಕೆ ಬಂದಿರೋ ಅಂಗಡಿಯೋರಾ. ಸರಿ. ನೋಡಿ, ನಾನು ಯಾವ ಪುಸ್ತಕ ಆದ್ರೂ ಹಿಂದಿನಿಂದ ಓದೋಳು. ಮೊದಲು ಕೊನೇಲಿರೋ ಪದಸೂಚಿ. ಯಾರ್ಯಾರ ಹೆಸರಿದೆ, ಯಾವ ಪುಸ್ತಕಕ್ಕೆ ಎಷ್ಟು ಪುಟ ಕೊಟ್ಟಿದಾರೆ, ಅಷ್ಟು ನೋಡಿದ್ರೆ ಸಾಕು, ಬರೆದೋರ ಯೋಗ್ಯತೆ ತಿಳಿಯತ್ತೆ. ಇವಳ ಪದಸೂಚೀಲಿ ಒಂದು ಹೆಸರಿದೆ. 'ಎರಡನೇ ಚಂದ್ರನ ಅಂಚೆ', ಕಾದಂಬರಿ, ಪುಟ ನೂರ ನಲವತ್ತೊಂದರಿಂದ ನೂರ ಐವತ್ತೆಂಟು. ಒಂದಿಡೀ ಅಧ್ಯಾಯ. ಇದೆ ತಾನೇ?"

…

"ಅಂಥ ಕಾದಂಬರೀನೇ ಇಲ್ಲ ಸಾರ್."

ಈ ಮಾತನ್ನು ಆಕೆ ಬೆಳಗ್ಗೆಯಿಂದ ನಾಲ್ಕೈದು ಸಲ ಕನ್ನಡಿಯ ಮುಂದೆ ಹೇಳಿ ನೋಡಿದ್ದಳು. ಅಂದುಕೊಂಡದ್ದಕ್ಕಿಂತ ಚೆನ್ನಾಗಿಯೇ ಬಂತು.

"ನಾನೇ ಹುಟ್ಟಿಸಿದ್ದು. ಇಪ್ಪತ್ತೆರಡು ವರ್ಷದ ಹಿಂದೆ ಪಟ್ಟಿ ಅಚ್ಚಿಗೆ ಕೊಡೋವಾಗ, ಸಾವಿರಾರು ನಿಜವಾದ ಪುಸ್ತಕಗಳ ಮಧ್ಯೆ ಒಂದು ಸುಳ್ಳು ಪುಸ್ತಕ ಸೇರಿಸಿದೆ. ಹೆಸರು, ಪುಟಗಳ ಸಂಖ್ಯೆ, 'ಲೇಖಕರು ತಿಳಿದಿಲ್ಲ' ಅಂತ ಒಂದು ಟಿಪ್ಪಣಿ. ಬಲೆ ಅದು. ಓದದೇ ನನ್ನ ಪಟ್ಟಿ ಕದ್ದು ಬರಿಯೋರು ಬೀಳ್ಲಿ ಅಂತ. ನಕ್ಷೆ ಮಾಡೋರು ಇಲ್ಲದ ಬೀದಿ ಒಂದನ್ನ ಸೇರಿಸ್ತಾರಲ್ಲ, ಹಾಗೆ. ಇಷ್ಟು ವರ್ಷ ಒಂದು ನೊಣಾನೂ ಬಿದ್ದಿರ್ಲಿಲ್ಲ. ಈಗ ಬಿದ್ದಿರೋದು ಯಾರು ನೋಡಿ."

…

"ಪತ್ರಾನಾ? ಬರೆದಿಟ್ಟಿದೀನಿ. ವಿಮರ್ಶೆ ಬಹುಮಾನದ ಸಮಿತಿಗೆ. ಇವಳ ಪುಸ್ತಕಕ್ಕೆ ಕೊಡ್ಬೇಕಾ ಬೇಡ್ವಾ ಅಂತ ಇವತ್ತು ನಾಲ್ಕು ಗಂಟೆಗೆ ಅವರ ಸಭೆ ಅಲ್ವಾ? ಇನ್ನೂ ಕೊಟ್ಟಿಲ್ಲ. ಮೊದಲು ನಿಮಗೊಂದು ಮಾತು ಹೇಳೋಣ, ಸೌಜನ್ಯ ಅಂತ ಒಂದಿರತ್ತಲ್ಲ."

ಇದು ಶುದ್ಧ ಸುಳ್ಳು. ಹನ್ನೆರಡೂವರೆಗೇ ಎರಡು ಬೀದಿ ನಡೆದು, ಸಮಿತಿಯ ಕಚೇರಿಯ ಗುಮಾಸ್ತೆಯ ಕೈಗೆ ಲಕೋಟೆ ಕೊಟ್ಟು, ಸಭೆ ಶುರುವಾದ ಕೂಡಲೇ ಅಧ್ಯಕ್ಷರೇ ಒಡೆಯಬೇಕು ಎಂದು ಎರಡೆರಡು ಸಲ ಹೇಳಿ ಬಂದಿದ್ದಳು. ಪತ್ರದಲ್ಲಿ 'ಕಳ್ಳಿ' ಎಂಬ ಪದ ಇತ್ತು. ಒಂದು ಸಲ ಹೊಡೆದುಹಾಕಿ, ಯೋಚಿಸಿ, ಮತ್ತೆ ಬರೆದಿದ್ದಳು.

…

"ಅಧ್ಯಾಯ ಓದಿದೀನಾ ಅಂತ ಕೇಳ್ತೀರಲ್ಲ, ಇಲ್ಲದ ಪುಸ್ತಕದ ಬಗ್ಗೆ ಬರೆದಿದ್ದನ್ನ ಓದೋದೇನಿದೆ? ನೀವು ಓದಿದೀರಲ್ಲ, ಕರಡು ತಿದ್ದಿದೀರಲ್ಲ, ನಿಮಗೆ ಅನುಮಾನ ಬರ್ಲಿಲ್ವಾ?"

…

"ಏನು, ಒಂದ್ಸಲ ಓದಿ ಅಂದ್ರೆ? ಯಾಕೆ ಅಷ್ಟು ಮೆತ್ತಗೆ ಹೇಳ್ತೀರಿ? ಆಯ್ತು, ಇಲ್ಲೇ ಇದೆ ಪುಸ್ತಕ, ಓದ್ತೀನಿ. ನಿಮ್ಮ ಲೇಖಕಿ ಬಂಡವಾಳ ನಿಮ್ಮ ಕಿವಿಗೇ ಬೀಳ್ಲಿ. ಒಂದು ನಿಮಿಷ, ಕನ್ನಡಕ... ಹಾಂ. ಬೇಗ ಹೇಳ್ತೀನಿ, ಫೋನಲ್ಲಿ ಚಾರ್ಜ್ ಬೇರೆ ಇಲ್ಲ, ಚಾರ್ಜರು ನಿನ್ನೆನೇ ಕೈ ಕೊಟ್ಟಿದೆ. ಕೇಳಿ. 'ಈ ಕಾದಂಬರಿಯನ್ನು ನಾನು ಓದಿಲ್ಲ.' ನೋಡಿದ್ರಾ, ಅವಳೇ ಒಪ್ಕೊಂಡಿದಾಳೆ. 'ಯಾರೂ ಓದಿಲ್ಲ. ಏಕೆಂದರೆ ಇದನ್ನು ಯಾರೂ ಬರೆದಿಲ್ಲ.'"

…

"ಇಲ್ಲ ಇಲ್ಲ, ಲೈನಲ್ಲಿದೀನಿ. 'ನನಗಾಗ ಏಳು ವರ್ಷ, ಅಕ್ಕನಿಗೆ ಹನ್ನೆರಡು. ನನಗೆ ಮಂಗನಬಾವು ಬಂದು ಮೂರು ವಾರ ಹಿಂದಿನ ಕೋಣೆಯಲ್ಲಿ ಒಬ್ಬಳನ್ನೇ ಮಲಗಿಸಿದ್ದರು. ಅಕ್ಕ ಒಳಗೆ ಬರುವ ಹಾಗಿರಲಿಲ್ಲ. ದಿನವೂ ಸಂಜೆ ಬಾಗಿಲಿನ ಆಚೆ ಕೂತು, ಬೀಗದ ಕಂಡಿಗೆ ಬಾಯಿ ಇಟ್ಟು, ಒಂದೊಂದು ತುಂಡು ಕಥೆ ಹೇಳುತ್ತಿದ್ದಳು. ಆ ಕಥೆಯ ಹೆಸರು'..."

ಹೆಸರನ್ನು ಆಕೆ ಓದಲಿಲ್ಲ. ಆ ಬಾಗಿಲಿನ ಬಣ್ಣ ಹಸಿರು. ಬೀಗದ ಕಂಡಿಯಲ್ಲಿ ತುಕ್ಕಿನ ವಾಸನೆ ಬರುತ್ತಿತ್ತು. ಬಲೆಗೆ ಒಂದು ಸುಳ್ಳು ಹೆಸರು ಬೇಕು ಎಂದಾಗ ಎಲ್ಲಾ ಬಿಟ್ಟು ಇದೇ ಹೆಸರು ಬೆರಳ ತುದಿಗೆ ಬಂದದ್ದು ಯಾಕೆಂದು ಆಕೆ ಇಪ್ಪತ್ತೆರಡು ವರ್ಷದಲ್ಲಿ ಒಂದು ಸಲವೂ ತನ್ನನ್ನು ತಾನು ಕೇಳಿಕೊಂಡಿರಲಿಲ್ಲ.

…

"ಓದ್ತಿದೀನಿ ಸಾರ್, ಅವಸರ ಮಾಡ್ಬೇಡಿ. 'ಎರಡನೇ ಚಂದ್ರನಿಂದ ಒಂದು ಪತ್ರ ಭೂಮಿಗೆ ಬರಲು ಏಳು ವರ್ಷ ಬೇಕು. ಅಲ್ಲಿರುವ ಹುಡುಗಿ ಸಿಟ್ಟಿನಲ್ಲಿ ಭೂಮಿಯಲ್ಲಿರುವ ತಂಗಿಗೆ ಬಾಯಿಗೆ ಬಂದ ಹಾಗೆ ಬರೆದು ಅಂಚೆಗೆ ಹಾಕುತ್ತಾಳೆ. ಮರುದಿನ ಬೆಳಗ್ಗೆ ಅಯ್ಯೋ ಅನ್ನಿಸುತ್ತದೆ. ಹಾಕಿದ ಪತ್ರವನ್ನು ವಾಪಸು ಕೊಡುವ ನಿಯಮ ಆ ಅಂಚೆಯಲ್ಲಿ ಇಲ್ಲ. ಹುಡುಗಿ ತಗಡಿನ ದೋಣಿಯೊಂದರಲ್ಲಿ ಪತ್ರದ ಹಿಂದೆ ಹೊರಡುತ್ತಾಳೆ. ಅಷ್ಟರಲ್ಲಿ ಅಕ್ಕನಿಗೂ ಮಂಗನಬಾವು ಬಂತು. ಮುಖ ಊದಿ ಬಾಯಿ ತೆರೆಯಲು ಆಗದೆ ಕಥೆ ಅಲ್ಲಿಗೇ ನಿಂತಿತು.'"

…

"ಹೌದು... ನಿಂತೋಗಿತ್ತು. 'ಮುಂದೆ ಅಕ್ಕನ ಪಟ್ಟಿಯಲ್ಲಿ ಆ ಹೆಸರು ಕಂಡಾಗ, ಬರೆದು ಮುಗಿಸಲಿಕ್ಕೆಂದೇ ಜಾಗ ಕಾದಿರಿಸಿದ್ದಾಳೆ ಅಂದುಕೊಂಡೆ. ಕೇಳಲು ಧೈರ್ಯ ಬರಲಿಲ್ಲ, ಕಾದೆ. ವಿಮರ್ಶಕರು ಇರುವ ಪುಸ್ತಕಗಳನ್ನು ಅಳೆಯುತ್ತಾರೆ. ನಾನು ಹಲ್ಲಿನ ವೈದ್ಯೆ. ಬಾಯಿಯಲ್ಲಿ ಇಲ್ಲದ ಹಲ್ಲಿನ ಜಾಗವನ್ನೂ ನೋಡುವುದು ನನಗೆ ಅಭ್ಯಾಸ. ನಾನು ಓದಿದ ಎಲ್ಲಾ ಕಥೆಗಳನ್ನೂ ಆ ಬಾಗಿಲಿನ ಈಚೆ ಮಲಗಿಯೇ ಓದಿದ್ದೇನೆ'..."

ಮುಂದಿನ ಸಾಲು ಆಕೆಗೆ ಸರಿಯಾಗಿ ಕಾಣಲಿಲ್ಲ. ಕನ್ನಡಕ ತೆಗೆದು ಸೆರಗಿನಿಂದ ಒರೆಸಿದಳು, ಹಾಕಿಕೊಂಡಳು, ಮತ್ತೆ ತೆಗೆದಳು.

…

"ಯಾರು ಮತ್ತೆ ಸೀನಿದ್ದು? ಒಂದು... ಎರಡು... ಮೂರು. ಸಾರ್, ಫೋನು ಸ್ಪೀಕರಿಗೆ ಹಾಕಿದೀರಾ? ಹಳೇ ಕಾಗದದ ಧೂಳಿಗೆ ಲೆಕ್ಕ ಹಾಕಿದ ಹಾಗೆ ಮೂರು ಸಲ ಸೀನೋಳು ಈ ಪ್ರಪಂಚದಲ್ಲಿ ಒಬ್ಬಳೇ. ಕೊಡಿ ಅವಳಿಗೆ."

…

"ಯಾವಾಗಿಂದ ಕೂತಿದೀಯಾ ಅಲ್ಲಿ?"

…

"ಎಲ್ಲಾ ಕೇಳಿಸ್ಕೊಂಡ್ಯಾ? ಮೊದಲಿಂದಾನಾ? ಆ ರಾಕೆಟ್ಟಿನ ಮಾತೂ ಕೇಳ್ತಾ?"

…

"ನಗ್ಬೇಡ ಚಿನ್ನಿ. ನಗೋ ವಿಷಯ ಅಲ್ಲ ಇದು. ಐದು ತಿಂಗಳಿಂದ ನಿನ್ನ ಪುಸ್ತಕ ಕಂಡ್ರೆ ನನಗೆ ಮೈಯೆಲ್ಲಾ ಉರೀತಿತ್ತು. ಅಂಗಡೀಲಿ ನಿನ್ನ ಪುಸ್ತಕದ ಮೇಲೆ ಬೇರೆ ಪುಸ್ತಕ ಇಟ್ಟು ಬಂದಿದೀನಿ, ಒಂದ್ಸಲ ಅಲ್ಲ, ಮೂರು ಸಲ. ಹೊಟ್ಟೆಕಿಚ್ಚು ಕಣೇ. ಬೇರೆ ಹೆಸರಿಲ್ಲ ಅದಕ್ಕೆ."

ಹೇಳಿದ ಮೇಲೆ ಆಕೆಗೆ ಹಗುರವಾಯಿತು. ಈಗಲೇ ಲಕೋಟೆಯ ವಿಷಯವನ್ನೂ ಹೇಳಿಬಿಡಬೇಕು ಎಂದು ಬಾಯಿ ತೆರೆದಳು. ಗಡಿಯಾರದಲ್ಲಿ ಇನ್ನೂ ಒಂಬತ್ತು ನಿಮಿಷ ಇತ್ತು. ಆದರೆ ಅಷ್ಟರಲ್ಲಿ ಆ ಕಡೆಯಿಂದ ತಂಗಿ ಏನೋ ಕೇಳಿದಳು.

…

"ಕಥೆ ಕೊನೇನಾ? ಏನು, ನೀನೇ ಒಂದು ಕೊನೆ ಬರೆದಿದೀಯಾ? ಎಲ್ಲಿ, ನೂರ ಐವತ್ತೆಂಟು... 'ಆ ಪತ್ರ ದಾರಿಯಲ್ಲೇ ಸೂರ್ಯನ ಬಿಸಿಗೆ ಸುಟ್ಟು ಬೂದಿಯಾಯಿತು ಎಂದೇ ನಾನು ನಂಬಿದ್ದೇನೆ.' ಏನೇ ಇದು?"

…

"ಇಷ್ಟ ಅಂದ್ರೆ ಆಯ್ತಾ? ಎರಡನೇ ದಿನಾನೇ ನಿನಗೆ ಹೇಳಿರ್ಲಿಲ್ವಾ, ಆ ಅಂಚೆ ಕಾಗದ ಸುಡಲ್ಲ, ನೆನೆಯಲ್ಲ, ಹರಿಯಲ್ಲ ಅಂತ? ಅದೇ ಆ ಲೋಕದ ನಿಯಮ. ನಿನ್ನ ಅನುಕೂಲಕ್ಕೆ ನಿಯಮ ಮುರಿದ್ರೆ ಅದು ಕಥೆ ಆಗಲ್ಲ, ಸಮಾಧಾನ ಆಗತ್ತೆ. ವಿಮರ್ಶಕಿ ಅಂತೆ ವಿಮರ್ಶಕಿ. ನನ್ನ ಕಥೇನ ಹಾಳು ಮಾಡಿ ಅಚ್ಚು ಹಾಕಿಸಿದೀಯಲ್ಲ."

…

"ಗೊತ್ತಿಲ್ಲದೇ ಏನು, ಹನ್ನೆರಡನೇ ವಯಸ್ಸಿನಿಂದಾನೂ ಕೊನೆ ಗೊತ್ತಿದೆ ನನಗೆ. ಬರ್ಕೋ. ಪೆನ್ನಿದೆಯಾ? ಎರಡನೇ ಮುದ್ರಣದಲ್ಲಿ ತಿದ್ದು. ಮೊದಲು ಆ ದೋಣಿ. ದೋಣೀನ ಅವಳು ಬಿಸ್ಕತ್ ಡಬ್ಬಿಗಳ ತಗಡಿಂದ ಮಾಡಿರ್ತಾಳೆ. ನೀನು ಬರೀ ತಗಡು ಅಂತ ಬರೆದಿದೀಯ. ಡಬ್ಬಿ ಮೇಲಿನ ಚಿತ್ರಗಳು ಹಾಗೇ ಇರ್ತವೆ, ಕುದುರೆ, ಹೂವು..."

ಆಕೆ ಎದ್ದು ನಿಂತು ಹೇಳತೊಡಗಿದಳು. ದೋಣಿಗೆ ಹುಟ್ಟು ಹಾಕಿಸಿದಳು. ದಾರಿಯಲ್ಲಿ ಸಿಕ್ಕ ಧೂಮಕೇತುವಿನ ಬಾಲಕ್ಕೆ ಹಗ್ಗ ಕಟ್ಟಿಸಿದಳು. ಅದು ಹೇಗೆ ಸಾಧ್ಯವೆಂದು ತಂಗಿ ಅಡ್ಡ ಬಾಯಿ ಹಾಕಿದಾಗ ನಿಯಮ ವಿವರಿಸಿದಳು, ಬೈದಳು, ನಕ್ಕಳು. ಏಳು ಡ್ರಾಯರುಗಳ ನಡುವಿನ ಜಾಗದಲ್ಲಿ ಆಕೆ ಹೀಗೆ ಕೈ ಬೀಸಿಕೊಂಡು ಓಡಾಡಿ ಯಾವ ಕಾಲವಾಗಿತ್ತೋ. ಕಿವಿಯ ಹತ್ತಿರ ಫೋನು ಎರಡು ಸಲ ಕುಂಯ್ ಎಂದದ್ದು ಆಕೆಗೆ ಕೇಳಿಸಲೇ ಇಲ್ಲ.

…

"ತಡಿ, ಬಂದೆ, ಅಲ್ಲಿಗೇ ಬಂದೆ. ಏಳನೇ ವರ್ಷದ ಕೊನೇ ದಿನ. ಪತ್ರ ಇನ್ನೇನು ಭೂಮಿಗೆ ಬೀಳ್ಬೇಕು. ಹುಡುಗಿ ಅದರ ಪಕ್ಕಾನೇ ಬರ್ತಿದಾಳೆ, ಆದ್ರೆ ಮುಟ್ಟೋ ಹಾಗಿಲ್ಲ. ಕೂಗಿ ಹೇಳೋ ಹಾಗೂ ಇಲ್ಲ, ಅಲ್ಲಿ ಗಾಳಿ ಇಲ್ಲ. ಅವಳಿಗೆ ಉಳಿದಿರೋದು ಒಂದೇ ದಾರಿ. ಪತ್ರಕ್ಕಿಂತ ಮುಂಚೆ ತಾನೇ ಹೋಗಿ, ಬಾಗಿಲಲ್ಲಿ ನಿಂತು..."

ಆಕೆ ಅಲ್ಲೇ ನಿಂತುಬಿಟ್ಟಳು. ಎದುರು ಗೋಡೆಯಲ್ಲಿ ಗಡಿಯಾರ ಇತ್ತು. ನಾಲ್ಕಕ್ಕೆ ಎರಡೇ ನಿಮಿಷ.

…

"ಚಿನ್ನಿ, ಕಥೆ ಬಿಡು. ಕೇಳು. ಕೊಟ್ಟಿಲ್ಲ ಅಂದ್ನಲ್ಲ, ಅದು ಸುಳ್ಳು."

…

"ಅಲ್ವೇ, ಕಥೆ ಅಲ್ಲ ಇದು. ನಿಜವಾಗ್ಲೂ. ಹನ್ನೆರಡೂವರೆಗೇ ಹೋಗಿ ನಾನೇ..."

…

"ಮುಂದೇನು ಅಂತ ಕೇಳ್ಬೇಡ್ವೇ, ನನ್ನ ಮಾತು ಕೇಳು. ಪತ್ರ ಆಗ್ಲೇ ಅವರ..."

ಕುಂಯ್ ಎಂದು ಫೋನು ಆರಿತು. ಕಪ್ಪು ಗಾಜನ್ನು ಕಿವಿಗೆ ಒತ್ತಿಕೊಂಡೇ ಆಕೆ ಚಪ್ಪಲಿ ಹುಡುಕಿದಳು.