ಓದದೆ ಹಾಕಿದ ಸಹಿ

ವೇದಿಕೆಯ ಮೇಲಿರುವ ಹಿರಿಯರಿಗೆ, ಬಸವಣ್ಣೆಪ್ಪನವರ ತಾಯಿ ಇಂದ್ರವ್ವನವರಿಗೆ, ಪತ್ನಿ ಅನ್ನಪೂರ್ಣಾ ಅವರಿಗೆ, ಸವದತ್ತಿ, ಕಿತ್ತೂರು, ರಾಮದುರ್ಗದ ಕಡೆಯಿಂದ ಬಸ್ಸು ಹಿಡಿದು ಬಂದ ಅವರ ಹಳೆಯ ವಿದ್ಯಾರ್ಥಿಗಳಿಗೆ, ನನ್ನ ಸಹೋದ್ಯೋಗಿಗಳಿಗೆ — ಎಲ್ಲರಿಗೂ ಶರಣು.

ನಾನು ಶಿವಲಿಂಗ, ಕನ್ನಡ ವಿಭಾಗ. ಈ ಬೈಲಹೊಂಗಲದ ಕಾಲೇಜಿನಲ್ಲಿ ಇಪ್ಪತ್ತೊಂದು ವರ್ಷ ಬಸವಣ್ಣೆಪ್ಪನವರ ಪಕ್ಕದ ಕುರ್ಚಿಯಲ್ಲಿ ಕುಳಿತವನು. ಅವರು ಇಂಗ್ಲಿಷ್ ಪಾಠ ಮಾಡುತ್ತಿದ್ದರು. ನನಗೆ ಐದು ನಿಮಿಷ ಕೊಟ್ಟಿದ್ದಾರೆ. ಅಗಲಿದ ಗೆಳೆಯರಿಗೆ ನುಡಿನಮನ ಸಲ್ಲಿಸಬೇಕು ಅಂತ ಚೀಟಿಯಲ್ಲಿ ಬರೆದಿದ್ದಾರೆ. ಸಲ್ಲಿಸ್ತೀನಿ. ಆದರೆ ಅದಕ್ಕೂ ಮೊದಲು — ದಯವಿಟ್ಟು ಎಲ್ಲರೂ ನನ್ನ ಹಿಂದಿನ ಬ್ಯಾನರ್ ನೋಡ್ರಿ.

ಓದ್ರಿ. 'ಡಾ. ಬಸವಣ್ಣೆಪ್ಪ.' ಡಾಕ್ಟರ್. ಯಾರ್ರಿ ಇವರಿಗೆ ಡಾಕ್ಟರೇಟ್ ಕೊಟ್ಟವರು? ವಿಶ್ವವಿದ್ಯಾಲಯ ಕೊಡಲಿಲ್ಲ. ಅದು ಹೆಂಗ ಕೊಟ್ಟೀತು, ಪ್ರಬಂಧ ಅಲ್ಲಿಗೆ ಹೋಗಲೇ ಇಲ್ಲ. ಕಾಲೇಜಿನ ಮೂಲಕ ಹೋಗಬೇಕಾಗಿತ್ತು, ನಾವು ಕಳಿಸಲಿಲ್ಲ. ಮನುಷ್ಯ ಬದುಕಿರೋತನಕ ಕೊಡದೆ ಇದ್ದದ್ದನ್ನ ಈಗ ಬ್ಯಾನರ್ ಅಂಗಡಿಯವನ ಕೈಯಿಂದ ಕೊಡಿಸೀವಿ. ನಾಚಿಕಿ ಬರಬೇಕು ನಮಗ.

ಕ್ಷಮಿಸ್ರಿ. ಸಿಟ್ಟು ಬಂದಾಗ ನನಗೆ ವೇದಿಕೆಯ ಭಾಷೆ ಉಳಿಯೋದಿಲ್ಲ. ಇವತ್ತು ಸಿಟ್ಟು ಬಂದೈತಿ.

ಅವರು ಏನು ಅಭ್ಯಾಸ ಮಾಡುತ್ತಿದ್ದರು ಅನ್ನೋದು ಇಲ್ಲಿ ಬಹಳ ಜನರಿಗೆ ಗೊತ್ತಿಲ್ಲ. ಗೊತ್ತು ಅನ್ನುವವರಿಗೆ ತಪ್ಪಾಗಿ ಗೊತ್ತು. ಅದಕ್ಕೆ ಹೇಳ್ತೀನಿ. ಸುಮಾರು ಎರಡು ಸಾವಿರ ವರ್ಷದ ಹಿಂದೆ, ಕ್ರೈಸ್ತ ಧರ್ಮ ಇನ್ನೂ ಹೊಸದಿದ್ದಾಗ, ಅದರ ಪ್ರಚಾರಕನೊಬ್ಬ ದೂರದ ಒಂದು ಊರಿಗೆ ಪತ್ರ ಬರೆದ. ಕಸುಬಿನಿಂದ ಅವನು ಗುಡಾರ ಹೊಲಿಯುವವನು. ಆ ಊರಿನ ಕೆಲವರು ಸತ್ತವರು ಮತ್ತೆ ಏಳೋದಿಲ್ಲ ಅಂತ ವಾದ ಮಾಡುತ್ತಿದ್ದರು. ಅವರನ್ನ ಒಪ್ಪಿಸಬೇಕಾಗಿತ್ತು. ಮೊದಲು ಯಾವ ಮಾತು ಇಟ್ಟ, ಸಾಕ್ಷಿಗಳನ್ನ ಯಾವಾಗ ತಂದ, ಎಲ್ಲಿ ಗದರಿಸಿದ, ಎಲ್ಲಿ ಸಮಾಧಾನ ಮಾಡಿದ — ಆ ಮಾತುಗಾರಿಕೆಯ ಕಲೆ ಬಸವಣ್ಣೆಪ್ಪನವರ ವಿಷಯ. ನಾನೇ ಒಮ್ಮೆ ಕೇಳಿದ್ದೆ, "ಸರ, ಸತ್ತವರು ಏಳ್ತಾರ ಅಂತ ನೀವು ನಂಬತೀರೇನ್ರಿ?" ಚಹಾದ ಕಪ್ಪು ಹೀಂಗ ಕೆಳಗಿಟ್ಟರು. "ಏಳ್ತಾರೋ ಇಲ್ಲೋ ನನಗೇನ ಗೊತ್ರಿ. ನಂಬದ ಊರಿಗೆ ಒಬ್ಬಾಂವ ಹೆಂಗ ಪತ್ರ ಬರದಾ, ಅದನ್ನ ನೋಡಾಕ ಹತ್ತೇನಿ" ಅಂದರು.

ಅಷ್ಟೇ. ಅಷ್ಟೇ ಅವರ ಅಪರಾಧ.

ಆ ಕಾಲದಲ್ಲಿ ಅಂಥ ಪತ್ರಗಳನ್ನ ಯಾರೂ ಒಬ್ಬರೇ ಕುಳಿತು ಮನಸ್ಸಿನಲ್ಲಿ ಓದಿಕೊಳ್ಳುತ್ತಿರಲಿಲ್ಲವಂತೆ. ಒಬ್ಬ ನಿಂತು ಓದಬೇಕು, ಕೂಡಿದವರು ಕೇಳಬೇಕು. ಹಾಗಿದ್ದ ಮೇಲೆ ಅದನ್ನ ಮೇಜಿನ ಮೇಲಿಟ್ಟು ನೋಡಿದರೆ ಏನು ತಿಳಿದೀತು ಅಂತ ಇವರ ವಾದ. ಜನರ ಮುಂದೆ ಓದಬೇಕು. ಅದೂ ಆ ಪತ್ರವನ್ನ ಎಂದೂ ಕೇಳದ ಜನರ ಮುಂದೆ, ನಂಬದ ಜನರ ಮುಂದೆ. ಅದಕ್ಕಾಗಿ ಐವತ್ತನೇ ವಯಸ್ಸಿಗೆ ಆ ಪತ್ರದ ಮೂಲಭಾಷೆ ಗ್ರೀಕ್ ಕಲಿತರು. ತಾವೇ ಅದನ್ನ ನಮ್ಮ ಕಡೆಯ ಕನ್ನಡಕ್ಕೆ ತಂದರು. ರವಿವಾರ ಬಂತು ಅಂದರೆ ಸ್ಕೂಟರ್ ಹತ್ತೋದು, ದೇಗಾಂವದ ಕಟ್ಟೆ, ಮುರಗೋಡದ ಚಹಾದಂಗಡಿ, ಇಲ್ಲಾ ತಮ್ಮೂರು ಸಿರಸಂಗಿ. ಓದೋದು, ಕೇಳುವವರು ಎಲ್ಲಿ ಕೆಮ್ಮಿದರು, ಎಲ್ಲಿ ತಲೆ ಎತ್ತಿದರು, ಎಲ್ಲಿ ಎದ್ದು ಹೋದರು — ನೋಟ್‌ಬುಕ್ಕಿನಲ್ಲಿ ಬರೆದುಕೊಳ್ಳೋದು. ಶುರು ಮಾಡುವ ಮೊದಲೇ ಹೇಳುತ್ತಿದ್ದರು: "ಇದು ನನ್ನ ಮಾತಲ್ಲ, ನೀವು ನಂಬಬೇಕಂತನೂ ಇಲ್ಲ. ಎಲ್ಲಿ ಬ್ಯಾಸರಾತು ಅಷ್ಟ ಹೇಳ್ರಿ."

ಮುರಗೋಡದಲ್ಲಿ ಒಂದು ದಿನ ಬೀಜದ ಭಾಗ ಓದಿದರು. ಬಿತ್ತಿದ ಬೀಜ ಸತ್ತರೇನೇ ಮೊಳಕೆ ಬರುತ್ತದೆ, ಮನುಷ್ಯನ ದೇಹವೂ ಹಾಗೇ ಅಂತ ಆ ಪತ್ರದವನ ವಾದ. ಕಾಯಿಪಲ್ಲೆ ಮಾರಾಕ ಬಂದಿದ್ದ ತಾಯವ್ವ ಅನ್ನುವ ಹೆಣ್ಣುಮಗಳು ಬುಟ್ಟಿ ಕೆಳಗಿಟ್ಟು ಕೇಳಿದಳಂತೆ, "ಮಾಸ್ತರ, ಪತ್ರ ಬರದಾಂವ ಒಕ್ಕಲುತನ ಮಾಡಿಲ್ಲೇನ್ರಿ? ಸತ್ತ ಬೀಜಾ ಹುಟ್ಟಾಂಗಿಲ್ಲರಿ. ಅದು ಜೀವಂತ ಇದ್ರನ ಹುಟ್ಟತೈತಿ." ಇವರು ಪುಸ್ತಕ ಮುಚ್ಚಾಕ ಹೋದರು. ಆಕೆ ಅಂದಳು, "ಮುಚ್ಚತೀರೆದಕ, ಮುಂದ ಓದ್ರಿ."

ಸೋಮವಾರ ಸ್ಟಾಫ್ ರೂಮಿಗೆ ಓಡಿ ಬಂದಂಗ ಬಂದರು. "ಸರ, ಆಕಿ ತಪ್ಪ ಹಿಡದ್ಲು, ಹಿಡದೂ ಮುಂದ ಓದ ಅಂದ್ಲು. ತಪ್ಪ ಹೇಳಿದಾಂವನ ಮಾತೂ ಕೇಳೋವಂಗ ಮಾಡೋದೈತೆಲ್ಲ, ಅದರಿ ಕಲಾ." ಮೂರನೆಯ ಅಧ್ಯಾಯ ಪೂರ್ತಿ ತಾಯವ್ವನ ಆ ಪ್ರಶ್ನೆಯ ಮೇಲೆ ಬರೆದರು. ಅವರನ್ನ ಅಷ್ಟು ಖುಷಿಯಾಗಿ ನಾನು ಮತ್ತೆ ನೋಡಲಿಲ್ಲ.

ಯಾಕಂದರೆ ಆ ರವಿವಾರ ಮುರಗೋಡದಲ್ಲಿ ಯಾರೋ ಮೊಬೈಲಿನಲ್ಲಿ ವಿಡಿಯೊ ತೆಗೆದಿದ್ದರು. ನಲವತ್ತು ಸೆಕೆಂಡಿನದು. ಶುರುವಿಗೆ ಅವರು ಹೇಳಿದ ಮಾತು ಅದರಲ್ಲಿ ಇಲ್ಲ. ತಾಯವ್ವ ಎದುರು ಮಾತಾಡಿದ್ದೂ ಇಲ್ಲ. ನಡುವಿನದಷ್ಟೇ ಇತ್ತು. ಮೇಲೆ ಬರೆದರು: 'ಕಾಲೇಜು ಮಾಸ್ತರನಿಂದ ಮತಾಂತರ.' ರವಿವಾರನೇ ಯಾಕೆ ಹೋಗತಾನ ಅಂತ ಕೇಳಿದರು. ರವಿವಾರ ಯಾಕಂದ್ರ ಕಾಲೇಜಿಗೆ ಅವತ್ತೇ ಸೂಟಿರಿ. ಇಷ್ಟು ಸಾದಾ ಉತ್ತರ ಕೇಳಾಕ ಯಾರಿಗೂ ಪುರುಸೊತ್ತು ಇರಲಿಲ್ಲ.

ಹದಿನಾಲ್ಕು ತಿಂಗಳ ಹಿಂದೆ ಕಾಲೇಜು ವಿಚಾರಣಾ ಸಮಿತಿ ಮಾಡಿತು. ಮೂರು ಜನ. ಪ್ರಬಂಧ ಮುನ್ನೂರ ಹನ್ನೆರಡು ಪುಟ, ನಮ್ಮ ಮುಂದೇ ಇತ್ತು. ಹದಿನೈದು ದಿನ ಇತ್ತು. ಮೂವರಲ್ಲಿ ಒಬ್ಬರೂ ಓದಲಿಲ್ಲ. ಅದರ ಬದಲು ಒಬ್ಬರು ಕೇಳಿದರು, "ಕೊರಳಾಗ ಲಿಂಗ ಐತೇನು? ತೋರಸ್ರಿ, ಇಲ್ಲಿಗೆ ಮುಗಸೋಣ." ಬಸವಣ್ಣೆಪ್ಪನವರ ಕೈ ಅಂಗಿಯ ಗುಂಡಿಯತನಕ ಬಂತು — ಇಲ್ಲಿತನಕ — ಬಂದು ನಿಂತಿತು. "ಐತಿ. ಆದ್ರ ತೋರ್ಸಾಂಗಿಲ್ಲ. ಲಿಂಗ ತೋರಿಸಿದ ಮ್ಯಾಲೆ ಪ್ರಬಂಧ ಯಾರ ಓದತೀರಿ?"

ಹೌದು, ಯಾರೂ ಓದಲಿಲ್ಲ.

ವರದಿಯಲ್ಲಿ ಒಂದು ವಾಕ್ಯ ಇದೆ: 'ಧರ್ಮಪ್ರಚಾರದ ಅನುಮಾನವನ್ನು ಸಂಪೂರ್ಣವಾಗಿ ತಳ್ಳಿಹಾಕುವಂತಿಲ್ಲ.' ಆ ಒಂದು ವಾಕ್ಯದ ಮೇಲೆ ಪ್ರಬಂಧವನ್ನ ಕಾಲೇಜಿನ ಕಪಾಟಿನಲ್ಲಿ ಇಟ್ಟು ಬೀಗ ಹಾಕಿದರು. ಆ ವಾಕ್ಯವನ್ನ ಬಸವಣ್ಣೆಪ್ಪನವರು ಸ್ಟಾಫ್ ರೂಮಿನಲ್ಲಿ ಎರಡು ಸಲ ಓದಿ, ನನ್ನ ಕಡೆ ನೋಡಿ ಅಂದರು: "ಭಾಳ ಹುಷಾರಿ ಕೈ ಇದು. ಇದಕ್ಕ ಜಗತ್ತಿನಾಗ ಯಾರೂ ಉತ್ತರ ಕೊಡಾಕ ಬರಾಂಗಿಲ್ಲ." ಯಾರು ಬರೆದದ್ದು ಅಂತ ಕೇಳಲಿಲ್ಲ. ಅವರಿಗೆ ಗೊತ್ತಿತ್ತು.

ನಾನು ಬರೆದದ್ದರಿ ಅದು. ಆ ಮೂವರಲ್ಲಿ ಒಬ್ಬ ನಾನು.

ಇಂದ್ರವ್ವಾರ, ನೀವು ನನ್ನನ್ನ ಹಂಗ ನೋಡೋದು ಸರಿ ಐತಿ. ನಿವೃತ್ತಿಗೆ ಎರಡು ವರ್ಷ ಇತ್ತು, ಊರ ಉಸಾಬರಿ ನನಗೆ ಬೇಡ ಅನ್ನಿಸಿತು. ಬೇರೆ ಕಾರಣ ಇಲ್ಲ.

ಹೋದ ಮಂಗಳವಾರ ಅವರು ತೀರಿಕೊಂಡರು. ನಾವೇ ಕೊಂದೆವು ಅಂತ ಹೇಳಿ ಇಲ್ಲಿ ಚಪ್ಪಾಳೆ ಹೊಡೆಸಿಕೊಳ್ಳಲಿಕ್ಕೆ ನನಗೆ ಮನಸ್ಸಿಲ್ಲ. ಅವರಿಗೆ ಸಕ್ಕರೆ ಕಾಯಿಲೆ ಇತ್ತು, ಹೃದಯದ್ದೂ ತೊಂದರೆ ಇತ್ತು. ನಾವು ಕೊಲ್ಲಲಿಲ್ಲ. ಓದಲಿಲ್ಲ. ಓದದೆ ಸಹಿ ಹಾಕಿದೆವು.

ಆದರೆ ಬುಧವಾರ ಸಿರಸಂಗಿಯಲ್ಲಿ ನಡೆದದ್ದು — ಅದನ್ನ ಹೇಳದೆ ಇಳಿಯೋದಿಲ್ಲ. ಸಮಾಧಿಯೊಳಗೆ ಕೂಡಿಸುವ ಹೊತ್ತಿಗೆ ಗುಂಪಿನಿಂದ ಒಂದು ದನಿ ಬಂತು: "ಲಿಂಗ ಐತೋ ಇಲ್ಲೋ ಮೊದಲ ನೋಡ್ರಿ." ಹೆಣಕ್ಕ. ಹೆಣಕ್ಕ ವಿಚಾರಣಾ, ಸ್ವಾಮಿ. ಎಂಬತ್ತು ದಾಟಿದ ಈ ತಾಯಿ ಮಗನ ಎದೆಯ ಮೇಲೆ ತನ್ನ ಕೈ ಇಟ್ಟು, "ಇಂವಾ ಇದ್ದಾಗ ತೋರಿಸಿಲ್ಲ, ನಾನೂ ತೋರ್ಸಾಂಗಿಲ್ಲ. ಮಣ್ಣ ಹಾಕ್ರಿ" ಅಂದರು. ಗುಂಪಿನೊಳಗೆ ಆ ಪ್ರಶ್ನೆ ಯಾಕೆ ಹುಟ್ಟಿತು? ನನ್ನ ವಾಕ್ಯ ಇತ್ತಲ್ಲ, ಅದಕ್ಕೆ ಹುಟ್ಟಿತು.

ಪ್ರಾಚಾರ್ಯರು ಗಡಿಯಾರ ನೋಡಾಕ ಹತ್ತ್ಯಾರ. ಮುಗಿಸ್ತೀನಿ, ಸರ. ನಿನ್ನೆ ಮತ್ತು ಮೊನ್ನೆ ಎರಡು ದಿನ ರಜೆ ಹಾಕಿ, ಅನ್ನಪೂರ್ಣಾ ಅವರಿಂದ ಮನೆಯ ಪ್ರತಿ ಇಸಿದುಕೊಂಡು, ಆ ಮುನ್ನೂರ ಹನ್ನೆರಡು ಪುಟ ಓದಿದೆ. ಅದರಲ್ಲಿ ಯಾವ ಪ್ರಚಾರವೂ ಇಲ್ಲ. ಇದು ಅನುಮಾನದ ವಾಕ್ಯ ಅಲ್ಲ, ಖಡಾಖಂಡಿತ ವಾಕ್ಯ. ವರದಿಯಿಂದ ನನ್ನ ಸಹಿ ವಾಪಸ್ ತಗೊಂಡಿದ್ದೇನೆ ಅಂತ ಬರೆದ ಪತ್ರ ಇದು. ಪ್ರಾಚಾರ್ಯರೇ, ಇಲ್ಲೇ, ಎಲ್ಲರ ಎದುರು, ನಿಮ್ಮ ಕೈಗೆ ಕೊಡ್ತಾ ಇದ್ದೇನೆ. ಪ್ರಬಂಧ ನಾಳೆ ವಿಶ್ವವಿದ್ಯಾಲಯಕ್ಕೆ ಹೋಗಬೇಕು. ಉಳಿದ ಇಬ್ಬರು ಮುಂದಿನ ಸಾಲಿನಲ್ಲೇ ಕುಳಿತಿದ್ದಾರೆ. ಹೆಸರು ಹೇಳೋದಿಲ್ಲ. ಪೆನ್ನು ಮೇಜಿನ ಮೇಲೆ ಇಟ್ಟಿದ್ದೇನೆ.

ಈಗ ಎಲ್ಲರೂ ಎದ್ದು ನಿಲ್ಲಬೇಕು ಅಂತ ಕೇಳಿಕೊಳ್ತೀನಿ. ಮಾತಾಡಬೇಕಾದಾಗ ಬಾಯಿ ಮುಚ್ಚಿಕೊಂಡು ಹದಿನಾಲ್ಕು ತಿಂಗಳು ಕಳೆದವರು ನಾವು. ಏಳ್ರಿ. ಬಸವಣ್ಣೆಪ್ಪನವರಿಗಾಗಿ ಎರಡು ನಿಮಿಷ ಮೌನ.

ಎರಡೇ ನಿಮಿಷ. ಆಮೇಲೆ ಯಾರೂ ಸುಮ್ಮನಿರಬೇಡ್ರಿ.