ಅಮ್ಮ ತನ್ನನ್ನೇ ದಾನ ಕೊಟ್ಟದ್ದು

ಸಭೆಯ ಅಧ್ಯಕ್ಷರಾದ ದಯಾನಂದರೇ, ಬೇಲಾಪುರದಿಂದ ಎರಡು ಗಾಡಿ ಬದಲಿಸಿ ಡೊಂಬಿವಲಿ ಮುಟ್ಟಿದ ಮುಖ್ಯ ಅತಿಥಿಗಳೇ, ನಮ್ಮ ಬಳಗದ ಮಹಿಳಾ ವಿಭಾಗದ ತಾಯಂದಿರೇ, ಅರ್ಧ ರೈಲು ಬಂದ್ ಇರುವ ಮೆಗಾಬ್ಲಾಕಿನ ಭಾನುವಾರವೂ ಹಟ ಹಿಡಿದು ಬಂದು ಕುಳಿತ ಸಭಿಕರೇ,

ಇಂದು ಸನ್ಮಾನಗೊಳ್ಳುತ್ತಿರುವವರು ನನ್ನ ತಾಯಿ. ಅವರ ಹೆಸರೇ ಶ್ರೀಮತಿ. ಹಾಗಾಗಿ ಆಮಂತ್ರಣದಲ್ಲಿ 'ಶ್ರೀಮತಿ ಶ್ರೀಮತಿ' ಎಂದು ಇರುವುದು ಅಚ್ಚಿನ ತಪ್ಪಲ್ಲ. ದಯವಿಟ್ಟು ಯಾರೂ ಕಾರ್ಯದರ್ಶಿಗಳಿಗೆ ಫೋನ್ ಮಾಡಬೇಡಿ. ದೇಹದಾನದ ಸಂಕಲ್ಪ ಮಾಡಿದ್ದಕ್ಕಾಗಿ ಅವರಿಗೆ ಈ ಶಾಲು, ಈ ಹಾರ. ಮಗನಾದ ನಾನು, ಮುರಾರಿ, ಹೆಮ್ಮೆಯಿಂದ ನಾಲ್ಕು ಮಾತಾಡಬೇಕೆಂದು ಅಧ್ಯಕ್ಷರ ಅಪ್ಪಣೆ.

ಹೆಮ್ಮೆ! ಸಭಿಕರೇ, ನಾನು ಈ ಸಂಕಲ್ಪದ ವಿರೋಧಿ. ಅಂದೂ ವಿರೋಧಿ, ಇಂದೂ ವಿರೋಧಿ. ಹಾರ ತಂದವನೂ ನಾನೇ, ಅದು ಬೇರೆ ಮಾತು.

ಎಲ್ಲ ಶುರುವಾದದ್ದು ನಮ್ಮ ಮೇಲಿನ ಮಹಡಿಯ ಅನಘಳಿಂದ. ಡಾಕ್ಟರಿಕೆ ಓದುವ ಹುಡುಗಿ. ಒಂದು ಸಂಜೆ ನೀರುದೋಸೆ ತಿನ್ನುತ್ತಾ, ಕಾಲೇಜಿನಲ್ಲಿ ಒಂದು ಹೆಣದ ಸುತ್ತ ಇಡೀ ಕ್ಲಾಸು ಮುತ್ತಿಕೊಳ್ಳುತ್ತದೆ, ಕುಳ್ಳಿಯಾದ ತಾನು ಹಿಂದೆ ನಿಂತು ಗೆಳತಿಯರ ಜಡೆಗಳನ್ನಷ್ಟೇ ಅಭ್ಯಾಸ ಮಾಡುತ್ತೇನೆ ಎಂದಳು. ದೋಸೆ ತಿನ್ನುವಾಗ ಆಡುವ ಮಾತೇ ಇದು? ಆದರೆ ನನ್ನ ತಾಯಿಯೂ ಕುಳ್ಳಿ. ಲೋಕಲ್ ಗಾಡಿಯಲ್ಲಿ ಆಯುಷ್ಯವಿಡೀ ಕಂಡವರ ಕಂಕುಳ ಕೆಳಗೆ ನಿಂತು ಪ್ರಯಾಣ ಮಾಡಿದವರು. ಅವರಿಗೆ ಕರುಳು ಚುರುಕ್ ಎಂದಿತು.

ಮರುದಿನ ನನ್ನ ಮುಂದೆ ಕಾಫಿ ಇಟ್ಟು, "ಮುರಾರಿ, ನಾನು ಹೋದ ಮೇಲೆ ನನ್ನನ್ನು ಕಾಲೇಜಿಗೆ ಕೊಟ್ಟುಬಿಡು" ಎಂದರು.

"ಎಂತ ಕಾಲೇಜು? ನೀನು ಓದಿದ್ದು ಏಳನೇ ಕ್ಲಾಸು."

"ಓದ್ಲಿಕ್ಕಲ್ಲ ಮಾರಾಯ. ಓದಿಸ್ಲಿಕ್ಕೆ."

ನಾನು ಕಾಫಿ ಅಲ್ಲೇ ಬಿಟ್ಟು ಎದ್ದೆ. ಅಮ್ಮ ಮನಸ್ಸು ಬದಲಿಸುವ ತನಕ ಕಾಫಿ ಕುಡಿಯುವುದಿಲ್ಲ ಎಂದು ಸಾರಿದೆ. ವಾಗ್ಳೆ ಎಸ್ಟೇಟಿನ ಕಾರ್ಖಾನೆಗಳ ನಡುವೆ ನಮ್ಮದು ಶುದ್ಧ ಶಾಕಾಹಾರಿ ಹೋಟೆಲು. ಹೋಟೆಲಿನ ಮಾಲಿಕನೇ ತನ್ನ ಕಾಫಿ ಮುಟ್ಟುವುದಿಲ್ಲ ಎಂದರೆ ಗಿರಾಕಿಗಳು ಏನೆಂದುಕೊಳ್ಳಬೇಕು? ಒಬ್ಬೊಬ್ಬರಾಗಿ ಎದುರಿನ ಟಪರಿ ಅಂಗಡಿಯ ಚಹಾಕ್ಕೆ ಹೋದರು. ನಮ್ಮ ಅಡುಗೆಯ ಭೀಮು ಬಂದು, "ಮಾಲಕ್ರ, ನಿಮ್ಮವ್ವನ ಮ್ಯಾಲಿನ ಸಿಟ್ಟು ನನ್ನ ಡಿಕಾಕ್ಷನ್ ಮ್ಯಾಲ ಯಾಕ್ರೀ?" ಎಂದು ಕಣ್ಣೀರು ಹಾಕಿದ. ನನ್ನ ಸತ್ಯಾಗ್ರಹ ಅಲ್ಲಿಗೆ ಮುಗಿಯಿತು.

ಆಮೇಲೆ ತರ್ಕಕ್ಕೆ ಇಳಿದೆ. "ಅಮ್ಮಾ, ದಾನ ಕೊಡುವ ವಸ್ತು ನಮ್ಮದಾಗಿರಬೇಕು. ದೇಹ ಒಬ್ಬರದ್ದೇ ಅಲ್ಲ, ಅದು ಮನೆತನದ್ದು" ಎಂದೆ. ಎಷ್ಟು ತೂಕದ ಮಾತು! ಅಮ್ಮ ಬಸಳೆ ಬಿಡಿಸುತ್ತಾ ಹೇಳಿದರು: "ನನ್ನನ್ನು ಧಾರೆ ಎರೆದು ಕೊಡುವಾಗ ಅಪ್ಪಯ್ಯ ನನ್ನ ಹತ್ರ ಕೇಳಿದ್ರಾ? ಒಂದು ಸಲ ಬೇರೆಯವರು ದಾನ ಕೊಟ್ಟಾಯ್ತು. ಈ ಸಲ ನಾನೇ ಕೊಡ್ತೇನೆ."

ಸಭಿಕರೇ, ಇದಕ್ಕೆ ನಿಮ್ಮಲ್ಲಿ ಯಾರಿಗಾದರೂ ಉತ್ತರ ಗೊತ್ತೇ? ನಾನು ಸಹಾಯಕ್ಕೆ ಮಗಳು ತನ್ವಿಯನ್ನು ನೋಡಿದೆ. ಅವಳು ಮೊಬೈಲಿನಿಂದ ತಲೆಯೆತ್ತದೆ, "ಪಪ್ಪಾ, ಬಾಡಿ ಆಜೀ ಕೀ ಹೈ ನಾ? ಆಪ್ ಕ್ಯೂಂ ಟೆನ್ಶನ್ ಲೇ ರಹೇ ಹೋ?" ಎಂದಳು. ಅಮ್ಮನಿಗೆ ಹಿಂದಿ ಅರ್ಧಂಬರ್ಧ. ಆದರೆ 'ದೇಹ ಅಜ್ಜಿಯದ್ದು, ನಿಮಗ್ಯಾಕೆ ತಲೆಬಿಸಿ' ಎಂಬ ಈ ಮಾತು ಮಾತ್ರ ಪೂರ್ತಿ ಅರ್ಥವಾಯಿತು.

ಕೊನೆಗೆ ಧರ್ಮವೇ ಗತಿ ಎಂದು ನಮ್ಮ ಪುರೋಹಿತರಾದ ವಸಂತಕುಮಾರ ಆಚಾರ್ಯರನ್ನು ಟ್ಯಾಕ್ಸಿಯಲ್ಲಿ ಕರೆತಂದೆ. ಸ್ವಲ್ಪ ಹೆದರಿಸಿ ಎಂದು ದಾರಿಯುದ್ದಕ್ಕೂ ಹೇಳಿಕೊಟ್ಟಿದ್ದೆ. ಅವರು ಹೆದರಿಸಿದರು, ಇಲ್ಲವೆನ್ನುವುದಿಲ್ಲ. ಆದರೆ ಅಮ್ಮನ ಪತ್ರೊಡೆ ಎರಡನೇ ಸಲ ಬಡಿಸಿದ ಮೇಲೆ, "ದೇಹ ಇಲ್ಲದಿದ್ದರೆ ದರ್ಭೆಯಲ್ಲೂ ಕರ್ಮ ಮಾಡ್ಲಿಕ್ಕೆ ಉಂಟು" ಎಂದರು. ಮೂರನೇ ಸಲ ಬಡಿಸಿದ ಮೇಲೆ ದನಿ ತಗ್ಗಿಸಿ, "ನನ್ನ ಮಂಡಿಗೆ ಸ್ಟೀಲು ಹಾಕಿದ್ದಾರೆ ಅಮ್ಮಾ. ಅಂಥವರನ್ನೂ ತಗೊಳ್ತಾರಾ?" ಎಂದು ಕೇಳಿದರು!

ಹೀಗೆ ಧರ್ಮವೂ ಟ್ಯಾಕ್ಸಿಯ ದುಡ್ಡೂ ಕೈಬಿಟ್ಟು ಹೋದ ಮೇಲೆ ನಾನು ಬಾಯಿ ತಪ್ಪಿ ಒಂದು ಮಾತು ಆಡಿದೆ. ಇಲ್ಲಿ ಹೇಳಬಾರದೆಂದಿದ್ದೆ. ಹೇಳಿಬಿಡುತ್ತೇನೆ.

"ಅಪ್ಪನಿಗೆ ಬೆಂಕಿ ಕೊಟ್ಟದ್ದು ಈ ಕೈ. ಆವತ್ತು ಇದಕ್ಕೆ ಒಂದು ಕೆಲಸವಾದರೂ ಇತ್ತು. ನಿನ್ನನ್ನು ಯಾರೋ ಗಾಡಿಯಲ್ಲಿ ತಗೊಂಡು ಹೋದರೆ, ಈ ಕೈ ಎಂತ ಮಾಡಬೇಕು?"

ಅಮ್ಮ ನನ್ನ ಕೈಯನ್ನೇ ನೋಡಿದರು. "ಫೋನು ಮಾಡಬೇಕು" ಎಂದರು. "ಕಾಲೇಜಿಗೆ ಬೇಗ ಹೇಳಬೇಕಂತೆ. ಅನಘ ಹೇಳಿದ್ದಾಳೆ."

"ಮಾಡದಿದ್ದರೆ?"

"ಮಾಡದಿದ್ರೆ ನಾನು ಎದ್ದು ಬಂದು ಜಗಳ ಆಡ್ತೇನಾ? ನನ್ನದು ನಾನು ಹೇಳಿಯಾಯ್ತು ಮಗಾ. ನಿನ್ನದು ನಿಂಗೆ ಬಿಟ್ಟದ್ದು."

ಸಭಿಕರೇ, ಅವರು ಬೈದಿದ್ದರೆ ಗೆಲ್ಲಬಹುದಿತ್ತು. ಅತ್ತಿದ್ದರೆ ಸಮಾಧಾನ ಮಾಡಬಹುದಿತ್ತು. 'ನಿಂಗೆ ಬಿಟ್ಟದ್ದು' ಎಂದವರ ಜೊತೆ ಹೇಗೆ ಹೋರಾಡುವುದು? ಆವತ್ತಿನಿಂದ ನನಗೆ ಸರಿಯಾಗಿ ನಿದ್ದೆಯಿಲ್ಲ. ಅಮ್ಮನ ಗೊರಕೆ ಮಾತ್ರ ಪಕ್ಕದ ಬಿಲ್ಡಿಂಗಿಗೂ ಕೇಳಿಸುತ್ತದೆ.

ಕಳೆದ ವಾರ ಅಧ್ಯಕ್ಷರು ಹೋಟೆಲಿಗೆ ಬಂದು, ಅಮ್ಮನ ಬಗ್ಗೆ ನೀವೇ ಮಾತಾಡಬೇಕು ಎಂದರು. ಇದು ಯಾರ ಸಲಹೆ ಎಂದು ಕೇಳಿದೆ. "ನಿಮ್ಮ ಅಮ್ಮನದ್ದೇ" ಎಂದು ನಕ್ಕರು. ಆಗ ಅರ್ಥವಾಗಲಿಲ್ಲ. ಈಗ ಈ ಮೈಕಿನ ಮುಂದೆ ನಿಂತು ನಿಮ್ಮೆಲ್ಲರ ಮುಖ ನೋಡುವಾಗ ಅರ್ಥವಾಗುತ್ತಿದೆ. ನನಗೆ ಬಿಟ್ಟದ್ದು ಎಂದವರು, ಸಾಕ್ಷಿಗೆ ಒಂದು ಸಭಾಂಗಣವನ್ನೇ ತುಂಬಿಸಿದ್ದಾರೆ!

ಅಮ್ಮಾ, ಶಾಲಿನಲ್ಲಿ ಬಾಯಿ ಮುಚ್ಚಿ ನಗಬೇಡ, ಇಲ್ಲಿಗೆ ಕಾಣುತ್ತದೆ. ನನಗೆ ಇದು ಒಪ್ಪಿಗೆಯಿಲ್ಲ. ನಾಳೆ ಬೆಳಗ್ಗೆಯೂ ಜಗಳ ಆಡುತ್ತೇನೆ. ನೂರು ವರ್ಷ ಬಾಳು, ನೂರು ವರ್ಷವೂ ಆಡುತ್ತೇನೆ. ಆದರೆ ಆ ದಿನ ಬಂದರೆ ಮೊದಲು ಫೋನು ಮಾಡುತ್ತೇನೆ. ಅಳುವುದು ಆಮೇಲೆ.

ನಮ್ಮ ಮನೆಯ ಜಗಳವನ್ನು ಇಷ್ಟು ಹೊತ್ತು ಸೀಟು ಬಿಡದೆ ಕೇಳಿದ ನಿಮಗೆಲ್ಲ ಕೈಮುಗಿದು ವಂದಿಸುತ್ತೇನೆ. ನಮಸ್ಕಾರ.