ಉಣ್ಣೆ ಉಗ್ರಾಣದ ಬಿಳಿ ಗೋಡೆ

ಡ್ರುಸಿಲ್ಲಾ ಅವರ ತಮ್ಮ ಈನಕ್ ಅವರೇ, ಮನೆಯವರೇ, ಬಂದರಿನ ಹಿರಿಯರೇ, ಕಿರಿಯರೇ — ಡ್ರುಸಿಲ್ಲಾ ಅವರನ್ನು ನೆನೆಯಲು ಸೇರಿರುವ ಎಲ್ಲರಿಗೂ ನಮಸ್ಕಾರ.

ನಮ್ಮ ಊರಿನ ಇತಿಹಾಸ ಸಂಘಕ್ಕೆ ಡ್ರುಸಿಲ್ಲಾ ಕ್ಯಾಚ್‌ಪೋಲ್ ಕಾರ್ಯದರ್ಶಿ, ನಾನು ಉಪಾಧ್ಯಕ್ಷ. ದುಡಿಮೆ ಅವರದು, ದೊಡ್ಡಸ್ತಿಕೆ ನನ್ನದು. ಈ ಊರಿನ ತೊಲೆ, ಕಮಾನು ಎಲ್ಲ ಅವರಿಗೆ ನೆಂಟರಿದ್ದ ಹಾಗೆ — ಯಾವುದು ಡಚ್ಚರ ಇಟ್ಟಿಗೆ, ಯಾವುದು ಉಣ್ಣೆ ವ್ಯಾಪಾರಿಯ ಜಂಬ, ನಿಂತಲ್ಲೇ ಹೇಳುತ್ತಿದ್ದರು.

ಯುದ್ಧ ಮುಗಿದ ಮಾರನೇ ವರ್ಷ ಹಳೇ ಉಣ್ಣೆ ಉಗ್ರಾಣವನ್ನು ಲಂಡನ್ನಿನ ಫೆಲೋಸ್ ಅವರು ಕೊಂಡರು. ಕಡಲಿಗೆ ಮುಖ ಮಾಡಿದ ಅದರ ಗೋಡೆಯ ಸುಣ್ಣ ಕೆರೆಸಿ ತೆಗೆಸಿದರು. ಇಟ್ಟಿಗೆ ಕೆಂಪಗೆ ಹೊಳೆಯಿತು. ಊರೆಲ್ಲ ಭೇಷ್ ಅಂದಿತು. ಡ್ರುಸಿಲ್ಲಾ ಮಾತ್ರ ಸೀದಾ ಫೆಲೋಸ್ ಮನೆಗೆ ಹೋದರು.

"ಸ್ವಾಮೀ, ಆ ಬಿಳಿ ಗೋಡೆ, ಅದರ ಹಿಂದಿನ ಚರ್ಚಿನ ಗೋಪುರ, ಎರಡೂ ಒಂದೇ ಗೆರೆಗೆ ಬಂದರೇನೇ ದೋಣಿ ಬಂದರಿನ ಬಾಯಲ್ಲಿರೋ ಮರಳುದಿಬ್ಬ ತಪ್ಪಿಸಿ ಒಳಗೆ ಬರೋದು. ಕೆಂಪು ಇಟ್ಟಿಗೆ ಮಸುಕು ಬೆಳಕಲ್ಲಿ ಕಡಲಿಗೆ ಕಾಣಲ್ಲ."

"ಅಮ್ಮಾ, ನಾನು ಕೊಂಡಿದ್ದು ಉಗ್ರಾಣ, ದೀಪಸ್ತಂಭ ಅಲ್ಲ. ಇತಿಹಾಸದವರು ನೀವು, ಹಳೇ ಇಟ್ಟಿಗೆ ಕಂಡು ಖುಷಿಪಡಬೇಕು!"

"ಇಟ್ಟಿಗೆಗೆ ಇತಿಹಾಸ, ಸುಣ್ಣಕ್ಕೆ ವನವಾಸವೇ?"

ಬಾಗಿಲು ಮುಚ್ಚಿತು.

ಅವತ್ತೇ ಮಧ್ಯಾಹ್ನ ಮೋಡ ಕವಿದು ಬೆಳಕು ಮಸುಕಾಯಿತು. ದೋಣಿಗಳು ಹೊರಗಿದ್ದವು — ಈನಕ್, ನೀವೂ ಒಂದರಲ್ಲಿದ್ದಿರಿ. ಡ್ರುಸಿಲ್ಲಾ ಮನೆಯ ಬಿಳಿ ಹಾಸಿಗೆ ಬಟ್ಟೆಗಳನ್ನೆಲ್ಲ ಬಾಚಿಕೊಂಡು ಉಗ್ರಾಣದ ಅಟ್ಟ ಹತ್ತಿದರು. ಮೂಟೆ ಎತ್ತುವ ತೊಲೆಯಿಂದ ಗೋಡೆಯ ಮೇಲೆ ಇಳಿಬಿಟ್ಟರು — ಹೀಗೆ, ಎರಡೂ ಕೈ ಚಾಚಿ.

"ಬಟ್ಟೆ ಒಣಹಾಕೋಕೆ ನನ್ನ ಉಗ್ರಾಣವೇ ಬೇಕಿತ್ತಾ?" ಕೆಳಗಿನಿಂದ ಫೆಲೋಸ್ ಕೂಗಿದರು.

"ಬೈಯೋದಿದ್ದರೆ ಆಮೇಲೆ ಬೈಯಿರಿ. ಈಗ ಮೇಲೆ ಬಂದು ಈ ತುದಿ ಹಿಡೀರಿ!"

ಬಂದರು. ಹಿಡಿದರು. ದೋಣಿಗಳು ಒಂದರ ಹಿಂದೊಂದು ತಿರುಗಿ, ಗೆರೆ ಹಿಡಿದು, ಒಳಗೆ ಬಂದವು. ಫೆಲೋಸ್ ಆಮೇಲೆ ಬೈಯಲಿಲ್ಲ — ಸುಣ್ಣ ತರಿಸಿದರು. ಅಂದಿನಿಂದ ಪ್ರತಿ ವಸಂತಕ್ಕೂ ಡ್ರುಸಿಲ್ಲಾ ಏಣಿ ಹತ್ತುವುದು, ಫೆಲೋಸ್ ಏಣಿ ಹಿಡಿಯುವುದು. ಇಬ್ಬರೂ ಜಗಳ ಮಾತ್ರ ಬಿಟ್ಟಿರಲಿಲ್ಲ.

ಈ ಸಲ ಸುಣ್ಣದ ಕೆಲಸಕ್ಕೆ ಮೊದಲೇ ಡ್ರುಸಿಲ್ಲಾ ಹೊರಟುಹೋದರು. ಚಳಿಗಾಲದ ಮಳೆಗೆ ಗೋಡೆ ಮಾಸಿತ್ತು. ಇನ್ನು ಯಾರು ಹತ್ತುತ್ತಾರೆ ಅಂತ ನಾವೆಲ್ಲ ಒಬ್ಬರ ಮುಖ ಒಬ್ಬರು ನೋಡಿದೆವು. ಸಭೆಗೆ ಯಾಕೆ ತಡವಾಯಿತು ಅಂತ ಈಗ ಬಾಗಿಲಲ್ಲಿ ಫೆಲೋಸ್ ಅವರನ್ನು ಕೇಳಿದೆ. ಅಂಗೈ ತೋರಿಸಿದರು — ಸುಣ್ಣ ತಾಗಿ ಸುಟ್ಟು ಕೆಂಪಾಗಿದೆ.

ಬೆಳಿಗ್ಗೆ ಹೋದ ದೋಣಿಗಳು ಇನ್ನೂ ಬರಬೇಕು. ದಯವಿಟ್ಟು ಎಲ್ಲರೂ ಎದ್ದು ಕಡಲು ಕಾಣುವ ಆ ಕಿಟಕಿಯ ಕಡೆ ತಿರುಗಿ ನಿಲ್ಲಿ. ಗಡಿಯಾರ ನೋಡುವುದು ಬೇಡ. ಕೊನೆಯ ದೋಣಿ ದಿಬ್ಬ ದಾಟುವವರೆಗೆ — ಮೌನವಾಗಿರೋಣ.